ಥೋರ್ವಾಲ್ಡ್ಸೆನ್ ಮ್ಯೂಸಿಯಂ: ಪ್ಲಾಸ್ಟರ್ ನೋಡಲು ಒಂದು ದಿನ ಕೊಡಬಹುದೇ?

ಪ್ರಶ್ನೆ

ಧಾರವಾಡದ ಪ್ರೌಢಶಾಲೆಯೊಂದರಲ್ಲಿ ಚಿತ್ರಕಲೆ ಕಲಿಸಿ ನಿವೃತ್ತಳಾದ ನಾನು ಈಗ ಸ್ವೀಡನ್ನಿನ ಮಾಲ್ಮೊದಲ್ಲಿ ಮಗಳ ಮನೆಯಲ್ಲಿದ್ದೇನೆ. ಸೇತುವೆ ದಾಟಿದರೆ ಕೋಪನ್‌ಹೇಗನ್. ಅಲ್ಲಿಗೆ ಹೋಗಿ ಬರಲು ಒಂದು ದಿನ ಸಿಕ್ಕಿದೆ, ಜೊತೆಯಲ್ಲಿ ಹತ್ತು ವರ್ಷದ ಮೊಮ್ಮಗನಿರುತ್ತಾನೆ. ಅಲ್ಲಿರುವ, ಡೆನ್ಮಾರ್ಕಿನ ಶಿಲ್ಪಿ ಬರ್ಟೆಲ್ ಥೋರ್ವಾಲ್ಡ್ಸೆನ್‌ನ ಕೃತಿಗಳ ಮ್ಯೂಸಿಯಂ ನೋಡಬೇಕೆಂಬುದು ಬಹಳ ದಿನದ ಆಸೆ. ಆದರೆ ಅಲ್ಲಿರುವುದರಲ್ಲಿ ಹೆಚ್ಚಿನವು ಪ್ಲಾಸ್ಟರಿನವು, ಅಮೃತಶಿಲೆಯ ಅನೇಕ ಮೂರ್ತಿಗಳು ಬೇರೆ ಬೇರೆ ಊರುಗಳಲ್ಲಿವೆ ಎಂದು ಅಳಿಯ ಹೇಳುತ್ತಿದ್ದಾರೆ. ನಕಲುಗಳನ್ನು ನೋಡಲು ಇರುವ ಒಂದೇ ದಿನವನ್ನು ಕೊಡುವುದು ಸರಿಯೇ? ಹೋಗಿ ಬಂದವರು ದಯವಿಟ್ಟು ತಿಳಿಸಿ.

ಕೋಪನ್‌ಹೇಗನ್ ನಿವಾಸಿಯೊಬ್ಬರ ಉತ್ತರ

ಮೇಡಂ, ಖಂಡಿತ ಬನ್ನಿ, ಸೋಮವಾರ ಮಾತ್ರ ಬೇಡ, ಅಂದು ಮ್ಯೂಸಿಯಂಗೆ ರಜೆ. ಬೆಳಿಗ್ಗೆಯೇ ಬಂದರೆ ಒಳ್ಳೆಯದು, ಏಕೆಂದರೆ 1848ರಲ್ಲಿ ಬಾಗಿಲು ತೆರೆದ ಈ ಕಟ್ಟಡವನ್ನು ಹಗಲ ಬೆಳಕನ್ನೇ ನಂಬಿ ಕಟ್ಟಲಾಗಿದೆ. ಎತ್ತರದ ಕಿಟಕಿಗಳಿಂದ ಒಂದು ಮಗ್ಗುಲಿಗೆ ಬೀಳುವ ಬೆಳಕಿನಲ್ಲಿ ಮೂರ್ತಿಯ ಮೈಯ ಏರಿಳಿತ ಎದ್ದು ಕಾಣುತ್ತದೆ. ಮಧ್ಯಾಹ್ನ ಮೂರೂವರೆಗೇ ಕತ್ತಲಾಗುವ ಡಿಸೆಂಬರಿನಲ್ಲಿ ಮೊದಲ ಸಲ ಹೋದಾಗ ನನಗೆ ಏನೂ ಹಿಡಿಸಿರಲಿಲ್ಲ. ಮೇ ತಿಂಗಳಲ್ಲಿ ಮತ್ತೆ ಹೋದಾಗ ಬೇರೆಯದೇ ಜಾಗಕ್ಕೆ ಬಂದೆನೇನೋ ಅನ್ನಿಸಿತು.

ಒಳಗೆ ಹೋಗುವ ಮೊದಲು ಹೊರಗೋಡೆಯನ್ನು ಸುತ್ತಿ ನೋಡಿ. ನಾಲ್ಕು ದಶಕಗಳಷ್ಟು ಕಾಲ ರೋಮಿನಲ್ಲಿದ್ದ ಥೋರ್ವಾಲ್ಡ್ಸೆನ್ 1838ರ ಸೆಪ್ಟೆಂಬರಿನಲ್ಲಿ ಹಡಗಿನಲ್ಲಿ ಊರಿಗೆ ಮರಳಿದಾಗ ಜನ ಬಂದರಿನಲ್ಲಿ ಮುಗಿಬಿದ್ದಿದ್ದರು. ಆ ದೃಶ್ಯವನ್ನೂ ಮೂರ್ತಿಗಳನ್ನು ಕೂಲಿಗಳು ಎಳೆದು ಸಾಗಿಸುವುದನ್ನೂ ಯೊರ್ಗೆನ್ ಸೋನ್ನೆ ಎಂಬ ಕಲಾವಿದ ಕಾವಿಹಳದಿ ಗೋಡೆಯ ಉದ್ದಕ್ಕೂ ಚಿತ್ರಿಸಿದ್ದಾನೆ. ದೇವತೆಗಳಿಗೂ ರಾಜರಿಗೂ ಮೀಸಲಾಗಿದ್ದ ಜಾಗದಲ್ಲಿ ಅಂಗಿಯ ತೋಳು ಮಡಚಿದ ಕೆಲಸಗಾರರನ್ನು ಅಷ್ಟು ದೊಡ್ಡದಾಗಿ ಬರೆದಿರುವುದು ನನಗೆ ಇಂದಿಗೂ ಬಹಳ ಮೆಚ್ಚಿನ ಸಂಗತಿ.

ಕಟ್ಟಡ ಮೊದಲು ಅರಮನೆಯ ಸಾರೋಟುಗಳನ್ನು ನಿಲ್ಲಿಸುವ ಕೊಟ್ಟಿಗೆಯಾಗಿತ್ತು. ಅದನ್ನು ವಾಸ್ತುಶಿಲ್ಪಿ ಬಿಂಡೆಸ್‌ಬೋಲ್ ಮ್ಯೂಸಿಯಂ ಆಗಿ ಮಾರ್ಪಡಿಸಿದ. ಕಡುಗೆಂಪು, ನೀಲಿ, ಹಸಿರು ಗೋಡೆಗಳ ಸಣ್ಣ ಸಣ್ಣ ಕೋಣೆಗಳ ಸಾಲಿನಲ್ಲಿ ಒಂದೊಂದು ಕೋಣೆಗೂ ಒಂದು ಮುಖ್ಯ ಶಿಲ್ಪವಿದೆ. ಗೋಡೆಯ ಬಣ್ಣ ಗಾಢವಾಗಿರುವುದರಿಂದ ಬಿಳಿಯ ಮೂರ್ತಿಯ ಅಂಚು ಕತ್ತರಿಸಿಟ್ಟಂತೆ ತೋರುತ್ತದೆ. ತಲೆಯೆತ್ತಿ ಚಾವಣಿಯನ್ನೂ ತಲೆತಗ್ಗಿಸಿ ನೆಲದ ವಿನ್ಯಾಸವನ್ನೂ ನೋಡುವುದನ್ನು ಮರೆಯಬೇಡಿ. ನಡುವಿನ ತೆರೆದ ಅಂಗಳದಲ್ಲಿ ಶಿಲ್ಪಿಯ ಸಮಾಧಿಯಿದೆ. 1844ರಲ್ಲಿ ತೀರಿಕೊಂಡ ಆತನ ದೇಹವನ್ನು, ತನ್ನದೇ ಕೃತಿಗಳ ನಡುವೆ ಇರಬೇಕೆಂಬ ಆತನ ಇಚ್ಛೆಯಂತೆ, ಕಟ್ಟಡ ಮುಗಿದ ಮೇಲೆ ಇಲ್ಲಿಗೆ ತಂದರು.

ಶಿವಮೊಗ್ಗ ಜಿಲ್ಲೆಯ ಒಬ್ಬರು, ಈಗ ಹ್ಯಾಂಬರ್ಗಿನಿಂದ

ಅಕ್ಕೋರೇ, ನಿಮ್ಮ ಅಳಿಯ ಹೇಳಿದ್ದು ನಿಜ, ಆದರೆ ಪ್ಲಾಸ್ಟರನ್ನು ನಕಲು ಎಂದುಕೊಂಡರೆ ಈ ಮ್ಯೂಸಿಯಂ ನಿಮ್ಮ ಕೈಗೆ ಸಿಗುವುದಿಲ್ಲ. ನಮ್ಮದು ಚೌತಿಗೆ ಮಣ್ಣಿನ ಗಣಪತಿ ಮಾಡುವ ಮನೆ. ಜೇಡಿಮಣ್ಣು ಒಂದು ದಿನ ಒದ್ದೆಬಟ್ಟೆ ಕಾಣದಿದ್ದರೆ ಕಿವಿ, ಸೊಂಡಿಲುಗಳ ಬಳಿ ಬಿರುಕು ಬಿಡುತ್ತದೆ ಎಂಬುದನ್ನು ಚಿಕ್ಕಂದಿನಿಂದ ಕಂಡವನು ನಾನು. ಥೋರ್ವಾಲ್ಡ್ಸೆನ್ ಸಹ ಮೊದಲು ಮಾಡುತ್ತಿದ್ದುದು ಮಣ್ಣಿನಲ್ಲೇ. ಆ ಹಸಿಮಣ್ಣಿನ ಮೂರ್ತಿಯ ಮೇಲೆ ಪ್ಲಾಸ್ಟರ್ ಬಳಿದು ಅಚ್ಚು ತೆಗೆಯುತ್ತಾರೆ. ಮಣ್ಣನ್ನು ಕೆರೆದು ಹಾಕಿದ ಮೇಲೆ ಟೊಳ್ಳಾದ ಅಚ್ಚಿನೊಳಗೆ ಮತ್ತೆ ಪ್ಲಾಸ್ಟರ್ ಸುರಿದು, ಕೊನೆಗೆ ಅಚ್ಚನ್ನೇ ಒಡೆದು ಮೂರ್ತಿಯನ್ನು ಹೊರತೆಗೆಯುತ್ತಾರೆ. ಹೀಗೆ ಮಣ್ಣೂ ಹೋಯಿತು, ಅಚ್ಚೂ ಹೋಯಿತು, ಉಳಿದದ್ದು ಈ ಪ್ಲಾಸ್ಟರ್ ಒಂದೇ. ಮುಂದೆ ಅದರ ಮೇಲೆ ಗುರುತಿನ ಚುಕ್ಕಿಗಳನ್ನಿಟ್ಟು, ಅಳತೆ ಹಿಡಿದು, ಅಮೃತಶಿಲೆಯನ್ನು ಕಡೆಯುತ್ತಿದ್ದವರು ರೋಮಿನ ಕಾರ್ಯಾಗಾರದಲ್ಲಿದ್ದ ಹತ್ತಾರು ಸಹಾಯಕರು. ಆದ್ದರಿಂದ ಶಿಲ್ಪಿಯ ಬೆರಳಿಗೆ ತೀರ ಹತ್ತಿರವಾದ ರೂಪ ನಮಗೆ ದೊರೆಯುವುದು ಪ್ಲಾಸ್ಟರಿನಲ್ಲೇ ಎಂಬುದು ನನ್ನ ಖಚಿತ ಅಭಿಪ್ರಾಯ.

ಆತನ ಹೆಸರು ಬೆಳಗಿಸಿದ 'ಜೇಸನ್' ಎಂಬ ಗ್ರೀಕ್ ಪುರಾಣದ ವೀರನ ಮೂರ್ತಿಯ ಮುಂದೆ ಸ್ವಲ್ಪ ಹೊತ್ತು ನಿಲ್ಲಿ. ಹಡಗುಗಳಿಗೆ ಮರದ ಕೆತ್ತನೆ ಮಾಡುತ್ತಿದ್ದ ಐಸ್‌ಲ್ಯಾಂಡ್ ಮೂಲದ ಬಡಗಿಯ ಮಗ ಥೋರ್ವಾಲ್ಡ್ಸೆನ್. ಹನ್ನೊಂದನೆಯ ವಯಸ್ಸಿಗೆ ಕಲಾ ಅಕಾಡೆಮಿ ಸೇರಿ, ವಿದ್ಯಾರ್ಥಿವೇತನದ ಮೇಲೆ 1797ರಲ್ಲಿ ರೋಮ್ ತಲುಪಿದ. 1803ರ ಹೊತ್ತಿಗೆ ಹಣ ಮುಗಿದು ಊರಿಗೆ ಹೊರಟು ನಿಂತಿದ್ದಾಗ ಥಾಮಸ್ ಹೋಪ್ ಎಂಬ ಸಿರಿವಂತ ಜೇಸನ್ ಮೂರ್ತಿಯನ್ನು ಅಮೃತಶಿಲೆಯಲ್ಲಿ ಮಾಡಿಕೊಡಲು ಹೇಳಿದ. ಬದುಕು ತಿರುಗಿದ್ದೇ ಆ ಕೆಲಸದಿಂದ, ಆದರೂ ಮೂರ್ತಿ ಹೋಪ್‌ಗೆ ಸಂದದ್ದು 1828ರಲ್ಲಿ, ಇಪ್ಪತ್ತೈದು ವರ್ಷ ಕಳೆದ ಮೇಲೆ. ಆ ಅಮೃತಶಿಲೆಯ ಜೇಸನ್ 1917ರಲ್ಲಿ ಮ್ಯೂಸಿಯಂಗೇ ಬಂದು ಸೇರಿದೆ. ಹೀಗಾಗಿ ಅಮೃತಶಿಲೆಯೇ ಇಲ್ಲವೆಂಬ ಕೊರತೆಯೂ ನಿಮಗೆ ಕಾಡದು.

ಮೊಮ್ಮಗನಿಗೆ 'ಗ್ಯಾನಿಮೀಡ್ ಮತ್ತು ಹದ್ದು' ತೋರಿಸಿ. ಗ್ಯಾನಿಮೀಡ್ ಗ್ರೀಕ್ ಪುರಾಣದ ಹುಡುಗ, ಮಂಡಿಯೂರಿ ಬಟ್ಟಲು ಹಿಡಿದಿದ್ದಾನೆ, ಹದ್ದು ಕೊಕ್ಕು ಬಾಗಿಸಿ ಕುಡಿಯುತ್ತಿದೆ. ನಯವಾದ ತೋಳಿನ ಪಕ್ಕದಲ್ಲೇ ಒಂದರ ಮೇಲೊಂದು ಕೂತ ಗರಿಗಳು, ಅವನ್ನು ನೋಡುತ್ತಾ ನಾನು ಕಾಲುಗಂಟೆ ಅಲ್ಲೇ ಇದ್ದೆ. 1815ರ 'ರಾತ್ರಿ' ಎಂಬ ದುಂಡನೆಯ ಉಬ್ಬುಶಿಲ್ಪವನ್ನೂ ಬಿಡಬೇಡಿ. ಎರಡು ಮಲಗಿದ ಕೂಸುಗಳನ್ನು ಎದೆಗವಚಿಕೊಂಡು ಹೆಂಗಸೊಬ್ಬಳು ತೇಲಿಹೋಗುತ್ತಿದ್ದಾಳೆ, ಹಿಂದೆ ಒಂದು ಗೂಬೆ.

ಮ್ಯೂನಿಕ್‌ನಿಂದ ಒಬ್ಬರು

ಮೇಲಿನವರ ಮಾತನ್ನು ಒಪ್ಪುತ್ತಲೇ ಒಂದನ್ನು ಸೇರಿಸುತ್ತೇನೆ. ಥೋರ್ವಾಲ್ಡ್ಸೆನ್‌ನ ಶಿಲ್ಪ ಕೆಲವರಿಗೆ ತಣ್ಣಗೆನಿಸುತ್ತದೆ, ನನಗೂ ಮೊದಲು ಹಾಗೆಯೇ ಅನಿಸಿತ್ತು. ಪ್ರಾಚೀನ ಗ್ರೀಕ್ ಶಿಲ್ಪವನ್ನು ಆತ ಎಷ್ಟು ನಂಬಿದ್ದನೆಂದರೆ, ಈಜೈನಾ ದ್ವೀಪದ ದೇವಾಲಯದಲ್ಲಿ ಸಿಕ್ಕ ಮುರಿದ ಮೂರ್ತಿಗಳಿಗೆ ಇಲ್ಲದ ಕೈಕಾಲು, ತಲೆಗಳನ್ನು ತನ್ನ ಕಾರ್ಯಾಗಾರದಲ್ಲಿ ಕೂಡಿಸಿಕೊಟ್ಟ. ಇಲ್ಲಿನ ಶಿಲ್ಪಗಳ ಮ್ಯೂಸಿಯಂ ಗ್ಲಿಪ್ಟೊಥೆಕ್‌ನಲ್ಲಿರುವ ಆ ಮೂರ್ತಿಗಳಿಂದ 1960ರ ದಶಕದಲ್ಲಿ ಆ ಜೋಡಣೆಗಳನ್ನೆಲ್ಲ ಬಿಚ್ಚಿ ತೆಗೆದರು. ಬಿಚ್ಚಿದ್ದು ಸರಿಯೆಂದೇ ನಾನು ಭಾವಿಸುತ್ತೇನೆ, ಆದರೆ ಆ ಜೋಡಣೆಗಳೂ ಒಂದು ಕಾಲದ ಕಣ್ಣು ಹೇಗೆ ನೋಡುತ್ತಿತ್ತೆಂಬುದಕ್ಕೆ ಸಾಕ್ಷಿಯಾಗಿದ್ದವು. ಕೋಪನ್‌ಹೇಗನ್ನಿನಲ್ಲಿ ಆತನ ಸ್ವಂತ ಸಂಗ್ರಹದ ಪ್ರಾಚೀನ ವಸ್ತುಗಳೂ ಸಮಕಾಲೀನರ ವರ್ಣಚಿತ್ರಗಳೂ ಇವೆ. ಅವನ್ನು ನೋಡಿದ ಮೇಲೆ ಆತ ಯಾರಿಂದ ಏನು ಕಲಿತನೆಂಬುದು ತಿಳಿದು, ನನಗನಿಸಿದ್ದ ಆ ತಣ್ಣನೆಯ ಭಾವ ಬಹುಮಟ್ಟಿಗೆ ಕರಗಿತು.

ಇಟಲಿಯಲ್ಲಿ ಓದುತ್ತಿರುವ ಒಬ್ಬರು

ಮುಂದೆಂದಾದರೂ ಇಟಲಿಗೆ ಬಂದರೆ ಪೊಸ್ಸಾಞೊ ಎಂಬ ಸಣ್ಣ ಊರಿನಲ್ಲಿ ಇಟಲಿಯ ಶಿಲ್ಪಿ ಕನೋವಾನ ಪ್ಲಾಸ್ಟರ್‌ಗಳ ಮ್ಯೂಸಿಯಂ ನೋಡಿ. ಜೇಸನ್ನನ್ನು ಕಂಡು ಇದು ಹೊಸ, ಭವ್ಯ ಶೈಲಿ ಎಂದು ಮೆಚ್ಚಿದವನು ಇದೇ ಕನೋವಾ. ಅಲ್ಲಿನ ಪ್ಲಾಸ್ಟರ್‌ಗಳ ಮೇಲೆ ಅಳತೆಗಾಗಿ ಬಡಿದ ಸಣ್ಣ ಮೊಳೆಗಳು ಮೈತುಂಬ ಕಾಣುತ್ತವೆ. ಮಗುವಿಗೆ ಒಂದು ಮಾತು ಮೊದಲೇ ಹೇಳಿಡಿ: ಪ್ಲಾಸ್ಟರ್ ಬಹಳ ಸೂಕ್ಷ್ಮ. 2020ರಲ್ಲಿ ಪ್ರವಾಸಿಯೊಬ್ಬರು ಫೋಟೊಗಾಗಿ ಅಲ್ಲಿನ, ನೆಪೋಲಿಯನ್ನನ ತಂಗಿ ಪಾವೊಲಿನಾಳ ಮೂರ್ತಿಯ ಮೇಲೆ ಕುಳಿತು ಕಾಲ್ಬೆರಳುಗಳನ್ನು ಮುರಿದರು.

ಕೋಪನ್‌ಹೇಗನ್ ನಿವಾಸಿ, ಮತ್ತೆ

ಸಮಯ ಉಳಿದರೆ ಹತ್ತು ನಿಮಿಷ ನಡೆದು ವೋರ್ ಫ್ರೂ ಚರ್ಚಿಗೆ ಹೋಗಿ. ಮ್ಯೂಸಿಯಂನಲ್ಲಿ ಪ್ಲಾಸ್ಟರಿನಲ್ಲಿ ಕಂಡ ಕ್ರಿಸ್ತನನ್ನೂ ಹನ್ನೆರಡು ಶಿಷ್ಯರನ್ನೂ ಅಲ್ಲಿ ಅಮೃತಶಿಲೆಯಲ್ಲಿ ನೋಡಬಹುದು. ಮೊದಲು ಮ್ಯೂಸಿಯಂ, ಆಮೇಲೆ ಚರ್ಚು, ಈ ಕ್ರಮವನ್ನು ಬದಲಿಸಬೇಡಿ. ಕ್ರಿಸ್ತನ ತಲೆ ಬಾಗಿರುವುದರಿಂದ ಹತ್ತಿರ ಹೋಗಿ ಕೆಳಗಿನಿಂದ ನೋಡಿದರೇ ಮುಖ ಪೂರ್ತಿ ಕಾಣುವುದು.

ಪ್ರಶ್ನೆ ಕೇಳಿದವರು

ಎಲ್ಲರಿಗೂ ಕೃತಜ್ಞತೆಗಳು. ನಿನ್ನೆ ಹೋಗಿ ಬಂದೆವು, ಬೆಳಕೂ ಚೆನ್ನಾಗಿತ್ತು. ಹೊರಗೋಡೆಯಲ್ಲಿ ಕೂಲಿಗಳು ಎಳೆಯುತ್ತಿದ್ದ ಮೂರ್ತಿಗಳಲ್ಲಿ ಯಾವುವು ಒಳಗಿವೆ ಎಂದು ಮೊಮ್ಮಗ ಕೋಣೆಯಿಂದ ಕೋಣೆಗೆ ಹುಡುಕುತ್ತಾ ಓಡಾಡಿದ. ನಾನು ಚಿತ್ರಪುಸ್ತಕ ತೆರೆದು ಗ್ಯಾನಿಮೀಡನ ಮುಂದೆ ಕುಳಿತೆ. ಹದ್ದಿನ ರೆಕ್ಕೆಯನ್ನು ಮೂರು ಸಲ ಅಳಿಸಿ ಬರೆದಿದ್ದೇನೆ, ಇನ್ನೂ ಸರಿಬಂದಿಲ್ಲ. ಬರುವ ವಾರ ಅಳಿಯನನ್ನೂ ಕರೆದುಕೊಂಡು ಮತ್ತೆ ಹೋಗುತ್ತಿದ್ದೇವೆ.