ಅಜ್ಜನ ಊರು ಗೊತ್ತು, ಅಜ್ಜನ ಹಿಂದಿನವರು ಗೊತ್ತಿಲ್ಲ: ಎಲ್ಲಿಂದ ಹುಡುಕುವುದು?

ಪ್ರಶ್ನೆ: ನಮ್ಮ ಅಜ್ಜ ಮಧುಗಿರಿ ಕಡೆಯ ಹಳ್ಳಿಯಿಂದ ಬೆಂಗಳೂರಿಗೆ ಬಂದು ನೆಲೆಸಿದವರು. ಊರಿನಲ್ಲಿ ಈಗ ನಮ್ಮವರು ಯಾರೂ ಇಲ್ಲ. ಅಜ್ಜನ ಹೆಸರು, ಅವರ ತಂದೆಯ ಹೆಸರು ಬಿಟ್ಟರೆ ಬೇರೇನೂ ತಿಳಿಯದು. ಅದಕ್ಕೂ ಹಿಂದಿನವರನ್ನು ಸರ್ಕಾರಿ ದಾಖಲೆಗಳಲ್ಲಿ ಹುಡುಕಬಹುದೇ? ಅನುಭವವಿರುವವರು ದಯವಿಟ್ಟು ತಿಳಿಸಿ.

ತಿಪಟೂರಿನಿಂದ: ಖಂಡಿತ ಹುಡುಕಬಹುದು. ನಾನು ಮೂರು ವರ್ಷ ಅಲೆದು ಐದು ತಲೆಮಾರು ಹಿಂದಕ್ಕೆ ಹೋಗಿದ್ದೇನೆ. ಮೊದಲ ವರ್ಷ ಮಾತ್ರ ದಂಡವಾಯಿತು, ಹೆಸರು ಹಿಡಿದು ಹುಡುಕಿದ್ದರಿಂದ. ನಮ್ಮಲ್ಲಿ ಅಜ್ಜನ ಹೆಸರನ್ನೇ ಮೊಮ್ಮಗನಿಗೆ ಇಡುವುದು ರೂಢಿ. ರಂಗಯ್ಯ ಬಿನ್ ತಿಮ್ಮಯ್ಯ, ಅವರ ಮಗ ತಿಮ್ಮಯ್ಯ ಬಿನ್ ರಂಗಯ್ಯ, ಮತ್ತೆ ರಂಗಯ್ಯ ಬಿನ್ ತಿಮ್ಮಯ್ಯ. ಯಾವ ರಂಗಯ್ಯ ಯಾವ ಕಾಲದವರೆಂದು ತಿಳಿಯುವುದೇ ಇಲ್ಲ. ಆದ್ದರಿಂದ ಮನುಷ್ಯರನ್ನು ಬಿಟ್ಟು ಜಮೀನನ್ನು ಹಿಡಿಯಿರಿ. ಸರ್ವೆ ನಂಬರ್ ಒಂದು ಸಿಕ್ಕರೆ ಆ ನೆಲವನ್ನು ಉತ್ತವರೆಲ್ಲ ಒಬ್ಬರ ಹಿಂದೆ ಒಬ್ಬರು ಸಿಗುತ್ತಾರೆ. ಮನೆಯಲ್ಲಿ ಹಳೆಯ ಕಂದಾಯ ರಸೀದಿ ಇದೆಯೇ ನೋಡಿ.

ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿಗೆ ಅರ್ಜಿ ಕೊಟ್ಟು ಕೈಬರಹದ ಪಹಣಿ, ಮ್ಯುಟೇಷನ್ (ಖಾತೆ ಬದಲಾವಣೆ) ರಿಜಿಸ್ಟರ್, ಇಂಡೆಕ್ಸ್ ಆಫ್ ಲ್ಯಾಂಡ್ (ಸರ್ವೆ ನಂಬರುವಾರು ಜಮೀನಿನ ಸೂಚಿ) ಪುಟಗಳ ದೃಢೀಕೃತ ನಕಲು ಕೇಳಿ. 2000ದ ಸುಮಾರಿಗೆ ಭೂಮಿ ಯೋಜನೆಯಲ್ಲಿ ಪಹಣಿಗಳು ಕಂಪ್ಯೂಟರಿಗೆ ಬಂದವು. ನಿಮಗೆ ಬೇಕಾದದ್ದು ಅದಕ್ಕೂ ಹಿಂದಿನದು. ಮ್ಯುಟೇಷನ್‌ನಲ್ಲಿ 'ಪೌತಿ' ಎಂಬ ಮಾತು ಕಂಡರೆ ಅಲ್ಲೇ ನಿಲ್ಲಿ. ಖಾತೆದಾರರು ತೀರಿಕೊಂಡ ಮೇಲೆ ವಾರಸುದಾರರು ಯಾರೆಂದು ಬರೆದಿರುವುದು ಅಲ್ಲಿಯೇ. ನಮ್ಮ ಮುತ್ತಜ್ಜನಿಗೆ ಮೂವರು ಗಂಡುಮಕ್ಕಳೆಂದು ಮನೆಯಲ್ಲಿ ಎಲ್ಲರೂ ಹೇಳುತ್ತಿದ್ದರು. ಪೌತಿ ವರದಿಯಲ್ಲಿ ನಾಲ್ಕು ಹೆಸರುಗಳಿದ್ದವು. ನಾಲ್ಕನೆಯ ಹೆಸರಿನ ಪಕ್ಕದಲ್ಲಿ ಹೆಬ್ಬೆಟ್ಟಿನ ಗುರುತು, ಅಂಚಿನಲ್ಲಿ ಶಾಯಿ ಹರಡಿ ಮಾಸಿಹೋಗಿತ್ತು. ನನ್ನ ತಂದೆಗೆ ಆ ನಕಲು ತೋರಿಸಿದೆ. ಅವರು ಮಾತಾಡಲಿಲ್ಲ, ಅದರ ಮೇಲೆ ತಮ್ಮ ಹೆಬ್ಬೆರಳನ್ನು ಇಟ್ಟು ನೋಡಿದರು.

ಇನ್ನೊಂದು ವಿಷಯ. ಹಳೆಯ ಪತ್ರಗಳಲ್ಲಿ ಇಸವಿಯ ಬದಲು ಸಂವತ್ಸರ ಇರುವುದುಂಟು. ಅದೇ ಹೆಸರು ಅರವತ್ತು ವರ್ಷಕ್ಕೊಮ್ಮೆ ಮರಳುತ್ತದೆ. ಶಾರ್ವರಿ ಎಂದರೆ 1840 ಆಗಬಹುದು, 1900 ಆಗಬಹುದು, 1960 ಕೂಡ ಆಗಬಹುದು. ಛಾಪಾ ಕಾಗದದ ಮೇಲಿರುವುದು ಮೈಸೂರು ಸಂಸ್ಥಾನದ ಗಂಡಭೇರುಂಡವೋ ಅಶೋಕ ಸ್ತಂಭದ ಸಿಂಹಗಳೋ ನೋಡಿದರೆ ಅರ್ಧ ಗೊಂದಲ ಕಳೆಯುತ್ತದೆ. ಫಸಲಿ (ಹಳೆಯ ಕಂದಾಯ ಲೆಕ್ಕದ) ವರ್ಷವಿದ್ದರೆ ಇಸವಿಗಾಗಿ 590 ಕೂಡಿಸಿ.

ಹಾಸನದಿಂದ: ಮೇಲಿನವರು ಹೇಳಿದ್ದು ಸರಿ, ಆದರೆ ಆ ದಾರಿಯಲ್ಲಿ ಹೆಣ್ಣುಮಕ್ಕಳು ಸಿಗುವುದು ಕಡಿಮೆ. ಸಿಕ್ಕರೂ 'ಕೋಂ' ಎಂದು ಗಂಡನ ಹೆಸರಿನ ಹಿಂದೆ ನಿಂತಿರುತ್ತಾರೆ, ತವರು ಗೊತ್ತಾಗುವುದಿಲ್ಲ. ನನ್ನ ಅಜ್ಜಿಯ ತಾಯಿ ನನಗೆ ಸಿಕ್ಕಿದ್ದು ಉಪನೋಂದಣಾಧಿಕಾರಿ ಕಚೇರಿಯಲ್ಲಿ. ಅಲ್ಲಿ ಹೆಸರಿನ ಸೂಚಿ, ಸ್ವತ್ತಿನ ಸೂಚಿ ಎರಡೂ ಇರುತ್ತವೆ. ಅರಿಶಿನ ಕುಂಕುಮಕ್ಕೆಂದು ಅಪ್ಪ ಮಗಳಿಗೆ ಬರೆದುಕೊಟ್ಟ ಹತ್ತು ಗುಂಟೆಯ ದಾನಪತ್ರ ಅದು. ಅವರ ಹೆಸರು, ತಂದೆಯ ಹೆಸರು, ಊರು, ಎಲ್ಲವೂ ಒಂದೇ ಸಾಲಿನಲ್ಲಿ! ಪತ್ರ ಸಿಕ್ಕರೆ ಚೆಕ್ಕುಬಂದಿಯನ್ನು ತಪ್ಪದೆ ಓದಿ. ಪೂರ್ವಕ್ಕೆ, ಪಶ್ಚಿಮಕ್ಕೆ ಯಾರ ಜಮೀನು ಎಂದಿರುತ್ತದೆಯಲ್ಲ, ಪಾಲಾದ ಅಣ್ಣತಮ್ಮಂದಿರು ಅನೇಕ ಸಲ ಅಲ್ಲೇ ಇರುತ್ತಾರೆ. ಸಾಕ್ಷಿಗಳ ಹೆಸರನ್ನೂ ಬಿಡಬೇಡಿ.

ಧಾರವಾಡದಿಂದ: ನಮ್ಮ ಕಡೆ ಹಳೆಯ ಕಾಗದಗಳು ಮರಾಠಿಯಲ್ಲಿ, ಮೋಡಿ ಲಿಪಿಯಲ್ಲಿ ಇರುತ್ತವೆ, ಓದುವವರು ವಿರಳ. ನಮಗೆ ದಾರಿ ತೋರಿಸಿದವರು ಹೆಳವರು, ಊರೂರು ತಿರುಗಿ ಮನೆತನಗಳ ವಂಶಾವಳಿ ಹೇಳುವವರು. ಸುಗ್ಗಿ ಮುಗಿದ ಮೇಲೆ ಬಂದವರನ್ನು ಕಟ್ಟೆಯ ಮೇಲೆ ಕಂಬಳಿ ಹಾಸಿ ಕೂರಿಸಿದೆವು. ಅವರು ನಮ್ಮ ಮನೆತನ ಯಾವ ಊರಿನಿಂದ ಬಂತೆಂದು ಆರಂಭಿಸಿ ಏಳು ತಲೆಮಾರು ಹೇಳಿದರು. ನಾನು ಅದನ್ನು ಉತಾರದೊಂದಿಗೆ (ನಮ್ಮ ಕಡೆ ಪಹಣಿಗೆ ಹೀಗೆನ್ನುತ್ತಾರೆ) ಹೋಲಿಸಿದೆ. ಮುತ್ತಜ್ಜನವರೆಗೆ ಹೆಸರುಗಳು ಹೊಂದಿದವು. ಒಂದು ಹೊಲ ಬೇರೆ ಅಡ್ಡಹೆಸರಿನವರಿಗೆ ಏಕೆ ಹೋಯಿತೆಂಬುದು ಅಲ್ಲಿಯವರೆಗೂ ತಿಳಿದಿರಲಿಲ್ಲ. ಆ ಹೊಲ ಹಿಡಿದಿದ್ದ ಅಜ್ಜ ದತ್ತು ಹೋಗಿದ್ದರೆಂದು ಹೆಳವರ ಪುಸ್ತಕದಲ್ಲಿತ್ತು.

ಪುತ್ತೂರಿನಿಂದ: ಕರಾವಳಿಯವರಿಗೊಂದು ಮಾತು. ದಕ್ಷಿಣ ಕನ್ನಡ 1956ರವರೆಗೆ ಮದ್ರಾಸಿಗೆ ಸೇರಿತ್ತು; ಹಳೆಯ ಕಡತಗಳಿಗೆ ಚೆನ್ನೈನ ಎಗ್ಮೋರಿನಲ್ಲಿರುವ ತಮಿಳುನಾಡು ಪತ್ರಾಗಾರವನ್ನೂ ನೋಡಬೇಕು. ಸ್ವಂತ ಜಮೀನಿಲ್ಲದ ಗೇಣಿದಾರರ ಮನೆಯವರಾದರೆ 1974ರ ಭೂಸುಧಾರಣೆಯ ನಮೂನೆ 7ರ (ಉಳುವ ನೆಲದ ಹಕ್ಕಿಗಾಗಿ ಗೇಣಿದಾರರು ಕೊಟ್ಟ ಅರ್ಜಿಯ) ಕಡತ ಕೇಳಿ. ನನ್ನ ಅಜ್ಜ ಭೂ ನ್ಯಾಯಮಂಡಳಿಯ ಮುಂದೆ ಕೊಟ್ಟ ಹೇಳಿಕೆಯಲ್ಲಿ ತಮ್ಮ ಅಜ್ಜನ ಕಾಲದಿಂದ ಆ ಗದ್ದೆ ಮಾಡುತ್ತಿರುವುದನ್ನು ಹೇಳಿದ್ದಾರೆ. ಅವರದೇ ಮಾತು, ಗುಮಾಸ್ತರ ಕೈಬರಹದಲ್ಲಿ. ನಮ್ಮ ಮನೆಯಲ್ಲಿ ಅವರ ಒಂದು ಫೋಟೊ ಕೂಡ ಇಲ್ಲ.

ಪ್ರಶ್ನೆ ಕೇಳಿದವರು: ಎಲ್ಲರಿಗೂ ಕೃತಜ್ಞತೆಗಳು. ಅಜ್ಜನ ಟ್ರಂಕಿನಲ್ಲಿ ಕಂದಾಯ ರಸೀದಿಯೊಂದು ಸಿಕ್ಕಿದೆ. ಖಾತೆ ನಂಬರ್ ಓದಲು ಬರುತ್ತದೆ, ಸರ್ವೆ ನಂಬರಿನ ಜಾಗವನ್ನು ಹುಳು ತಿಂದಿದೆ. ಇದರಿಂದ ಆಗುತ್ತದೆಯೇ?

ತಿಪಟೂರಿನಿಂದ: ಆಗುತ್ತದೆ. ಗ್ರಾಮದ ಹೆಸರು, ಖಾತೆ ನಂಬರ್ ಕೊಟ್ಟು ಆ ಖಾತೆಗೆ ಸೇರಿದ ಸರ್ವೆ ನಂಬರುಗಳನ್ನು ಮೊದಲು ಕೇಳಿ. ರಸೀದಿಯನ್ನು ಇನ್ನು ಮಡಚಬೇಡಿ. ಮೊಬೈಲಿನಲ್ಲಿ ಫೋಟೊ ತೆಗೆದುಕೊಂಡು, ಅಸಲನ್ನು ಮನೆಯಲ್ಲೇ ಇಟ್ಟು ಹೋಗಿ.