ಕೈಗಡದ ಒಪ್ಪಿಗೆ ಪತ್ರ: ‘ಸಹಿ ನನ್ನದು, ಬರಹ ಆಮೇಲೆ ತುಂಬಿದ್ದು’ ಅಂದರೆ?

ಪ್ರಶ್ನೆ (ಶಿರಸಿ):
12-06-2021ರಂದು ಅಡಿಕೆ ವ್ಯಾಪಾರಕ್ಕೆ 3 ಲಕ್ಷ ಕೈಗಡ ಕೊಟ್ಟೆ, ಚೆಕ್ ಮೂಲಕ. ಪ್ರೋನೋಟಿಲ್ಲ (ಹಣ ಕೊಡುವುದಾಗಿ ಬರೆದುಕೊಡುವ ವಚನಪತ್ರ). ಸಾಲಗಾರ ಸಹಿ ಮಾಡಿದ 05-04-2024ರ ತಾರೀಖಿನ ಬಾಕಿ ಒಪ್ಪಿಗೆ ಪತ್ರವಿದೆ. ನಾನು ದಾವೆ ಹೂಡಿದ್ದು 2025ರ ಆಗಸ್ಟ್‌ನಲ್ಲಿ. 2021ರಲ್ಲೇ ಖಾಲಿ ಹಾಳೆಗೆ ಸಹಿ ಪಡೆದಿದ್ದರು, ದಾವೆ ಅವಧಿ ಮೀರಿದೆ ಎಂಬುದು ಪ್ರತಿವಾದಿಯ ವಾದ. ಶಾಯಿಯ ವಯಸ್ಸು ಪರೀಕ್ಷೆಗೆ ಕಳಿಸಬಹುದೇ? 2023ರ ನವೆಂಬರ್‌ನಲ್ಲಿ ಫೋನ್‌ಪೇಯಲ್ಲಿ ಅವರಿಂದ 20,000 ಬಂದಿದೆ.

ಉತ್ತರ 1 (ಕಾರವಾರ):
ಶಾಯಿ ಎಷ್ಟು ಹಳೆಯದೆಂದು ಖಚಿತವಾಗಿ ಹೇಳುವ ನಂಬಲರ್ಹ ವಿಧಾನ ಇಲ್ಲ, ಅದರ ಹಿಂದೆ ಹೋದರೆ ವರ್ಷ ಕಳೆಯುತ್ತದೆ. ಅಕ್ಷರ ಸಹಿಯ ಮೇಲೆ ಹಾದಿದ್ದರೆ, ಅಥವಾ ಮಡಿಕೆಯ ಗೆರೆ ದಾಟಿದ್ದರೆ, ಯಾವುದು ಮೊದಲು ಎಂಬುದನ್ನು ತಜ್ಞರು ಕೆಲವೊಮ್ಮೆ ಹೇಳಬಲ್ಲರು. ಅಂಥ ಜಾಗ ಇದ್ದರೆ ಮಾತ್ರ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆದೇಶ 26 ನಿಯಮ 10ಎಯಡಿ ತಜ್ಞರ ಪರೀಕ್ಷೆಗೆ ಅರ್ಜಿ ಹಾಕಿ.

ಸಹಿ ಒಪ್ಪಿದ ಮಾತ್ರಕ್ಕೆ ಪತ್ರ ಒಪ್ಪಿದಂತಲ್ಲ. ಪ್ರೋನೋಟಿಗಿರುವ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆ ಕಲಂ 118ರ ಪೂರ್ವಭಾವನೆ (ಬೇರೆಯದು ಸಾಬೀತಾಗುವವರೆಗೆ ನಿಜವೆಂದು ಹಿಡಿಯುವುದು) ಈ ಹಾಳೆಗೆ ಸಿಗುವುದಿಲ್ಲ. ಹಾಗಾಗಿ ಪತ್ರ ಬರೆದವರನ್ನೂ ಸಾಕ್ಷಿ ಹಾಕಿದವರನ್ನೂ ಕಟಕಟೆಗೆ ತನ್ನಿ: ಎಲ್ಲಿ ಬರೆದದ್ದು, ಓದಿ ಹೇಳಿದ್ದು ಯಾರು, ಸಹಿ ಬಿದ್ದಾಗ ಬರಹ ಇತ್ತೇ. ಬಹಳ ದಾವೆಗಳು ಬೀಳುವುದು ಈ ಸಾಕ್ಷ್ಯ ಇಲ್ಲದೆ. ಪ್ರತಿವಾದಿಯ ಪಾಟೀಸವಾಲಿನಲ್ಲಿ, ಖಾಲಿ ಹಾಳೆ ಯಾವ ಕಾರಣಕ್ಕೆ ಕೊಟ್ಟಿರಿ, ವಾಪಸ್ ಕೇಳಿದಿರಾ, ವಕೀಲರ ನೋಟಿಸಿಗೆ ಉತ್ತರದಲ್ಲಿ ಇದನ್ನು ಏಕೆ ಬರೆಯಲಿಲ್ಲ ಎಂದು ಕೇಳಲೇಬೇಕು.

ಉತ್ತರ 2 (ಕುಮಟಾ):
ಸಾಲ ಕೊಟ್ಟ ದಿನದಿಂದ 3 ವರ್ಷ ಎಣಿಸಿದರೆ ಮೂಲ ಅವಧಿ 12-06-2024ಕ್ಕೆ ಮುಗಿಯುತ್ತದೆ; ಸುಪ್ರೀಂ ಕೋರ್ಟ್ ಆದೇಶದಂತೆ ಕೋವಿಡ್ ಕಾಲವನ್ನು (28-02-2022ರವರೆಗೆ) ಬಿಟ್ಟು ಎಣಿಸಿದರೂ 2025ರ ಫೆಬ್ರವರಿ ಕೊನೆಗೆ, ಅಂದರೆ ದಾವೆಗೆ ಮುಂಚೆಯೇ. ಪತ್ರ ಅದಕ್ಕೆ ಮುಂಚಿನದೆಂದು ಸಾಬೀತಾದರೆ ಅವಧಿ ಕಾಯ್ದೆ 1963ರ ಕಲಂ 18ರಡಿ 05-04-2024ರಿಂದ ಹೊಸದಾಗಿ 3 ವರ್ಷ. ಅವಧಿ ಮೀರಿದ ಮೇಲಿನ ಸಹಿಯಾದರೆ ಬರೀ ಒಪ್ಪಿಗೆ ಸಾಲದು, ಕೊಡುತ್ತೇನೆಂಬ ಲಿಖಿತ ವಾಗ್ದಾನ ಬೇಕು (ಕರಾರು ಕಾಯ್ದೆ ಕಲಂ 25(3)).

ಫೋನ್‌ಪೇ ಹಣ ಬೆಂಬಲಕ್ಕೆ ಒಳ್ಳೆಯದು, ಅದೊಂದನ್ನೇ ನೆಚ್ಚಬೇಡಿ. ಪಾವತಿಯಿಂದ ಅವಧಿ ಬೆಳೆಯಲು, ಪಾವತಿ ಮಾಡಿದವರ ಕೈಬರಹ ಅಥವಾ ಸಹಿಯುಳ್ಳ ಬರಹವನ್ನು ಅವಧಿ ಕಾಯ್ದೆಯ ಕಲಂ 19 ಕೇಳುತ್ತದೆ. ಪತ್ರದಲ್ಲಿ ‘20,000 ಕಳೆದು ಬಾಕಿ 2,80,000’ ಎಂದಿದ್ದರೂ ಆಮೇಲೆ ತುಂಬಿದ್ದೆಂಬ ಆರೋಪಕ್ಕೆ ಅದು ಉತ್ತರವಲ್ಲ. ದಾವಾಪತ್ರದಲ್ಲಿ ಈ ಪತ್ರವನ್ನು ಅವಧಿ ವಿಸ್ತರಣೆಗೆ ಆಧಾರವಾಗಿ ಹೇಳಿದ್ದೀರಾ ನೋಡಿ (ಸಿಪಿಸಿ ಆದೇಶ 7 ನಿಯಮ 6). ಬಿಟ್ಟುಹೋಗಿದ್ದರೆ ತಿದ್ದುಪಡಿ ಅರ್ಜಿ ಈಗಲೇ ಹಾಕಿ, ವಿಚಾರಣೆ ಶುರುವಾದ ಮೇಲೆ ಕಷ್ಟ.

ಪ್ರಶ್ನಿಸಿದವರು:
2024ರ ಮಾರ್ಚ್‌ನಲ್ಲಿ ಅವರು ಕಳಿಸಿದ ‘ಚಾಲಿ (ಒಣ ಅಡಿಕೆ) ಮಾರಿದ ಮೇಲೆ ಉಳಿದದ್ದು ಕೊಡುತ್ತೇನೆ’ ಎಂಬ ವಾಟ್ಸಾಪ್ ಸಂದೇಶವೂ ಇದೆ.

ಉತ್ತರ 1 (ಕಾರವಾರ):
ಅದನ್ನು ಮೊದಲೇ ಹೇಳಬೇಕಿತ್ತು! ಏಪ್ರಿಲ್ ಪತ್ರವನ್ನು ನಂಬಲು ಇದೇ ದೊಡ್ಡ ಕಾರಣ. ಸ್ಕ್ರೀನ್‌ಶಾಟ್ ಒಂದರಿಂದ ಆಗದು: ಭಾರತೀಯ ಸಾಕ್ಷ್ಯ ಅಧಿನಿಯಮದ ಕಲಂ 63(4)ರ ಪ್ರಮಾಣಪತ್ರ ಬೇಕು, ಭಾಗ ಎ ನಿಮ್ಮದು, ಭಾಗ ಬಿ ತಜ್ಞರದು. ಆ ಫೋನನ್ನು ರೀಸೆಟ್ ಮಾಡಬೇಡಿ, ಮಾರಬೇಡಿ.

ಒಪ್ಪಿಗೆ ಪತ್ರವನ್ನು ಸಾಕ್ಷ್ಯವಾಗಿ ಗುರುತು ಹಾಕುವಾಗ ಸ್ಟಾಂಪ್ ತಕರಾರು ಬರುತ್ತದೆ. ‘ಕೇಳಿದಾಗ ಕೊಡುತ್ತೇನೆ’ ಎಂಬ ಷರತ್ತಿಲ್ಲದ ಮಾತಿದ್ದರೆ ಅದು ಪ್ರೋನೋಟೆಂದು ವಾದಿಸುತ್ತಾರೆ. ಸ್ಟಾಂಪಿಲ್ಲದ ಪ್ರೋನೋಟಿಗೆ ದಂಡ ಕಟ್ಟಿ ಸರಿಪಡಿಸುವ ದಾರಿ ಇಲ್ಲ. ಒಕ್ಕಣೆಯನ್ನು ಇವತ್ತೇ ನಿಮ್ಮ ವಕೀಲರಿಗೆ ತೋರಿಸಿ.