ಮಳೆ ಹಿಡಿದ ಮೇಲೆ ನಾಯಿ ಬಾಗಿಲ ಗೆಜ್ಜೆ ಮುಟ್ಟುತ್ತಿಲ್ಲ, ಏನು ಮಾಡಲಿ?

ಪ್ರಶ್ನೆ (ತೀರ್ಥಹಳ್ಳಿ ಕಡೆಯಿಂದ):
ನಮ್ಮ ಮನೆಯಲ್ಲಿ 7 ತಿಂಗಳ ನಾಟಿ ಹೆಣ್ಣುನಾಯಿ ಇದೆ, ಹೆಸರು ಚಿನ್ನಿ. ಹೊರಗೆ ಹೋಗಬೇಕಾದಾಗ ತಿಳಿಸಲಿ ಅಂತ ಬೇಸಿಗೆಯಲ್ಲಿ ಬಾಗಿಲಿಗೆ ಗೆಜ್ಜೆ ಸರ ಕಟ್ಟಿದ್ದೆ. ಮೂರು ವಾರದಲ್ಲಿ ಮೂತಿಯಿಂದ ತಳ್ಳಿ ಬಾರಿಸುವುದನ್ನು ಕಲಿತಳು. ಆರಿದ್ರಾ ಮಳೆ ಹಿಡಿದದ್ದೇ ಹಿಡಿದದ್ದು, ಎಲ್ಲ ಹಾಳಾಯಿತು. ಈಗ ಗೆಜ್ಜೆ ಮುಟ್ಟುವುದಿಲ್ಲ. ಜಗಲಿಯ ಮೂಲೆಯಲ್ಲೇ ಉಚ್ಚೆ ಹೊಯ್ಯುತ್ತಾಳೆ. ಬೈದರೂ ಪ್ರಯೋಜನ ಇಲ್ಲ. ಕೊಟ್ಟಿಗೆಯಲ್ಲಿ ಕಟ್ಟಿಬಿಡು ಅಂತಾರೆ ಅತ್ತೆ. ನಮ್ಮಲ್ಲಿ ರಾತ್ರಿ ಚಿರತೆ ಭಯ, ನನಗೆ ಮನಸ್ಸು ಬರುತ್ತಿಲ್ಲ.

ಉತ್ತರ (ಸಾಗರದಿಂದ):
ಅಕ್ಕ, ಸ್ವಲ್ಪ ಸ್ವಲ್ಪವೇ ಪದೇ ಪದೇ ಹೊಯ್ಯುತ್ತಾಳಾ? ಹಾಗಿದ್ದರೆ ಮೊದಲು ದನದ ಡಾಕ್ಟರಿಗೆ ತೋರಿಸಿ, ಸೋಂಕು ಇರಬಹುದು. ಇನ್ನೊಂದು, ಮಾಡಿಗೆ ಹೆಂಚೋ ಶೀಟೋ?

ಪ್ರಶ್ನೆ ಕೇಳಿದವರು:
ಇಲ್ಲ, ಒಂದೇ ಸಲ ಪೂರ್ತಿ. ಮನೆಗೆ ಹೆಂಚು, ಜಗಲಿಗೆ ತಗಡಿನ ಶೀಟು. ಜೋರು ಮಳೆ ಬಂದರೆ ಒಬ್ಬರ ಮಾತು ಒಬ್ಬರಿಗೆ ಕೇಳುವುದಿಲ್ಲ.

ಉತ್ತರ (ಸಾಗರದಿಂದ):
ಅಲ್ಲೇ ಇದೆ ನೋಡಿ ತೊಂದರೆ. ಚಿನ್ನಿ ಮರೆತಿರಲಿಕ್ಕಿಲ್ಲ. ಅವಳು ಬಾರಿಸಿದ್ದು ನಿಮಗೆ ಕೇಳಿಸಿಲ್ಲ ಅನ್ನಿಸುತ್ತೆ. ನಾಲ್ಕು ಸಲ ಬಾರಿಸಿದರೂ ಯಾರೂ ಬರದಿದ್ದರೆ ಐದನೇ ಸಲ ಯಾಕೆ ಬಾರಿಸುತ್ತಾಳೆ, ಅಲ್ವಾ?

ನಮ್ಮ ನಾಯಿ ಕಾಳನದೂ ಇದೇ ಕಥೆ. ಒಂದು ಸಂಜೆ ಮಳೆಯಲ್ಲಿ ಸುಮ್ನೆ ಬಾಗಿಲ ಸಂದಿಯಲ್ಲಿ ನಿಂತು ನೋಡಿದೆ. ಗೆಜ್ಜೆಯನ್ನು ಒಮ್ಮೆ ತಳ್ಳಿದ. ಅಡುಗೆಮನೆ ಕಡೆ ತಿರುಗಿ ನೋಡಿದ. ಮತ್ತೊಮ್ಮೆ ತಳ್ಳಿದ. ಆಮೇಲೆ ಕಿವಿ ಇಳಿಬಿಟ್ಟುಕೊಂಡು ಮೂಲೆಗೆ ಹೋದ. ನನಗೆ ಹೊಟ್ಟೆ ಚುರುಕ್ ಅಂತು.

ಗೆಜ್ಜೆ ಬಿಚ್ಚಿ ದನದ ಕೊರಳಗಂಟೆ ಕಟ್ಟಿ, ಮೂತಿಗೆ ಎಟುಕುವ ಎತ್ತರಕ್ಕೆ. ಕಟ್ಟುವ ಮೊದಲು ಎರಡು ಮೂರು ದಿನ ಕೈಯಲ್ಲೇ ಹಿಡಿದು ತೋರಿಸಿ. ಮೂತಿ ತಾಗಿಸಿದ ತಕ್ಷಣ ಬೆಂದ ಮೊಟ್ಟೆಯ ಚೂರು ಕೊಡಿ. ಬಾಗಿಲಿಗೆ ಕಟ್ಟಿದ ಮೇಲೆ, ಗಂಟೆ ಕೇಳಿದರೆ ಒಲೆ ಮೇಲೆ ಏನೇ ಇರಲಿ, ಉರಿ ತಗ್ಗಿಸಿ ಓಡಿ. ಹಗ್ಗ ಹಾಕಿಕೊಂಡು ಒಂದೇ ಜಾಗಕ್ಕೆ ಕರೆದುಕೊಂಡು ಹೋಗಿ. ಐದು ನಿಮಿಷದಲ್ಲಿ ಹೊಯ್ಯದಿದ್ದರೆ ಆಟ ಆಡಿಸದೆ ಒಳಗೆ ಕರೆತನ್ನಿ. ಇಲ್ಲದಿದ್ದರೆ ಕೋಳಿ ಅಟ್ಟುವುದಕ್ಕೂ ಗಂಟೆ ಬಾರಿಸುತ್ತಾಳೆ.

ಜಾಗದ್ದೂ ಮುಖ್ಯ. ಸೂರಿನ ನೀರು ಬೆನ್ನ ಮೇಲೆ ಸುರಿಯುವಲ್ಲಿ ಯಾವ ನಾಯಿ ತಾನೇ ನಿಲ್ಲುತ್ತದೆ? ಕಟ್ಟಿಗೆ ಇಡುವ ಮಾಡಿನ ಕೆಳಗೆ ಒಣ ದರಕು (ಉದುರಿದ ಎಲೆ) ಹರಡಿ, ಉಚ್ಚೆ ಒರೆಸಿದ ಬಟ್ಟೆಯನ್ನು ಒಂದೆರಡು ದಿನ ಅಲ್ಲೇ ಇಡಿ. ಆ ವಾಸನೆ ಹಿಡಿದು ಅಲ್ಲೇ ಹೊಯ್ಯುತ್ತಾಳೆ. ಒಳಗೆ ಬಂದ ಮೇಲೆ ಕಾಲ್ಬೆರಳ ಸಂದಿಯಲ್ಲಿ ಉಂಬಳ (ಜಿಗಣೆ) ಇದೆಯಾ ನೋಡಿ.

ಜಗಲಿ ಮೂಲೆಯನ್ನು ಎಂಜೈಮ್ ಇರುವ ಕ್ಲೀನರ್‌ನಿಂದ ತೊಳೆಯಿರಿ. ಅಮೋನಿಯಾ ಇರುವುದು ಬೇಡ, ಅದರ ವಾಸನೆಯೂ ಉಚ್ಚೆಯ ಹಾಗೇ ಇರುತ್ತದೆ. ಬೈಯಲೇಬೇಡಿ. ಬೈದರೆ ನಿಮ್ಮ ಕಣ್ಣಿಗೆ ಬೀಳದ ಕಡೆ ಹೋಗಿ ಹೊಯ್ಯುವುದನ್ನು ಕಲಿಯುತ್ತಾಳೆ, ಅಷ್ಟೇ. ನಿದ್ದೆಯಿಂದ ಎದ್ದಾಗ, ಊಟ ಆದಮೇಲೆ, ರಾತ್ರಿ ಮಲಗುವ ಮುಂಚೆ ಗಂಟೆಗೆ ಕಾಯದೆ ನೀವೇ ಕರೆದುಕೊಂಡು ಹೋಗಿ.

ಪ್ರಶ್ನೆ ಕೇಳಿದವರು (12 ದಿನದ ನಂತರ):
ಕೊಟ್ಟಿಗೆಯಲ್ಲಿದ್ದ ಹಳೇ ಗಂಟೆ ಕಟ್ಟಿದೆ. ಮೊದಲ ದಿನ ಆ ಶಬ್ದಕ್ಕೆ ಬೆದರಿದಳು, ಮೊಟ್ಟೆ ಆಸೆಗೆ ಹತ್ತಿರ ಬಂದಳು. ಐದು ದಿನದಿಂದ ಜಗಲಿ ಒಣಗಿಯೇ ಇದೆ. ನಿನ್ನೆ ರಾತ್ರಿ 11 ಗಂಟೆಗೆ ಧೋ ಅಂತ ಸುರಿಯುತ್ತಿದ್ದಾಗ ಗಂಟೆ ಬಾರಿಸಿದಳು. ನಾನು ಏಳುವಷ್ಟರಲ್ಲಿ ಅತ್ತೆ ಟಾರ್ಚ್ ಹಿಡಿದು ಅಂಗಳ ನೋಡಿ ಬಾಗಿಲು ತೆಗೆದಾಗಿತ್ತು.